ಅಕ್ಕಿಯಲ್ಲಿ ಬರೆದ ಶಾನನ್

ಕಾವೇರಿಯ ದಂಡೆಯಲ್ಲಿ ಚೆನ್ನಾಜಮ್ಮನವರ ಆಶ್ರಮ. ಏಳೆಂಟು ಕೋಣೆ, ಒಂದು ಅಡುಗೆಮನೆ, ಹೊಳೆಗೆ ಇಳಿಯುವ ಮೆಟ್ಟಿಲು. ಅಷ್ಟೇ.

ಅಲ್ಲಿ ಒಂದೇ ಕಟ್ಟಳೆ. ಕೊನೆತನಕ ಉಳಿಯುವವರು ಹಳೆಯ ಹೆಸರು ಬಿಟ್ಟು ಹೊಸದು ಪಡೆಯಬೇಕು. ಹೆಸರಾಗದವರು ಅತಿಥಿಗಳು. ಅತಿಥಿಗಳು ಎರಡು ವರ್ಷಕ್ಕೆ ಹೊರಡಬೇಕು.

ಹೆಸರಿನ ದಿನ ಹಿತ್ತಾಳೆ ತಟ್ಟೆಯಲ್ಲಿ ಅಕ್ಕಿ ಹರಡುತ್ತಾರೆ. ಶಿಷ್ಯರು ಬೆರಳಿನಿಂದ ಹಳೆಯ ಹೆಸರು ಬರೆದು, ಅದು ತಮ್ಮ ತೊಟ್ಟಿಲಿಗೆ ಹೇಗೆ ಬಂತು ಎಂದು ಎಲ್ಲರೆದುರು ಹೇಳುತ್ತಾರೆ. ಆಮೇಲೆ ಅಂಗೈಯಲ್ಲಿ ಅಳಿಸುತ್ತಾರೆ. ಗುರುಗಳು ಕಿವಿಯಲ್ಲಿ ಹೊಸ ಹೆಸರು ಉಸಿರುತ್ತಾರೆ. ಅಕ್ಕಿ ಮಧ್ಯಾಹ್ನದ ಅನ್ನಕ್ಕೆ ಹೋಗುತ್ತದೆ.

ಅಡುಗೆಯ ತಿಪ್ಪಮ್ಮನಿಗೆ ಹನ್ನೆರಡು ವರ್ಷದ ಹಿಂದೆಯೇ ಪ್ರಜ್ಞಾಮಯಿ ಎಂದು ಹೆಸರಾಗಿತ್ತು. ಅಡುಗೆಮನೆಗೆ ಮಾತ್ರ ಆ ಸುದ್ದಿ ಇನ್ನೂ ತಲುಪಿರಲಿಲ್ಲ.

ಒಂದು ದಿನ ಶಾನನ್ ಎಂಬ ಶಿಷ್ಯೆ ಗುರುಗಳ ಮುಂದೆ ಬಂದು ಕೂತಳು. ಕೋಲಾರದ ಚಿನ್ನದ ಗಣಿಯ ಆಂಗ್ಲೋ ಇಂಡಿಯನ್ ಮನೆಯ ಹೆಣ್ಣು. ವಯಸ್ಸು ನಲವತ್ತರ ಹತ್ತಿರ. ಮೂರು ದೇಶಗಳಲ್ಲಿ ನರ್ಸ್ ಆಗಿ ದುಡಿದು ಬಂದವಳು.

"ಅಮ್ಮ, ಬರೋ ಹುಣ್ಣಿಮೆಗೆ ನನಗೆ ಎರಡು ವರ್ಷ. ಹೆಸರು ಕೊಡಿ. ನಾನು ಇಲ್ಲೇ ಇರ್ತೀನಿ."

"ಇರೋ ಹೆಸರಿಗೆ ಏನಾಗಿದೆ?"

"ಅದಕ್ಕೆ ಊರಿಲ್ಲ, ಅಮ್ಮ."

ಚೆನ್ನಾಜಮ್ಮ ಕಾಲು ನೀಡಿ ಕೂತರು. ಕಥೆ ಉದ್ದ ಇದೆ ಎಂದು ಅನ್ನಿಸಿದಾಗ ಅವರು ಹಾಗೆ ಕೂರುತ್ತಿದ್ದರು.

"ಇಸ್ಕೂಲಲ್ಲಿ ಟೀಚರ್ ಕೇಳಿದ್ರು, ಇದೆಲ್ಲಿಯ ಹೆಸರು ಅಂತ. ಮಸ್ಕತ್‌ನಲ್ಲಿ ಕೇಳಿದ್ರು. ಬೆಂಗಳೂರಲ್ಲಿ ಮನೆ ಬಾಡಿಗೆಗೆ ಹೋದ್ರೆ, ನಿಮ್ಮದು ಯಾವ ದೇಶ ಅಂತ ಕೇಳಿದ್ರು. ನಾನು ಅಚ್ಚ ಕನ್ನಡದಲ್ಲೇ ಮಾತಾಡ್ತಾ ನಿಂತಿದ್ದೆ."

"ಆ ಹೆಸರಿನ ದೇಶಕ್ಕೇ ಹೋಗಬೇಕಿತ್ತು."

"ಹೋದೆ, ಅಮ್ಮ. ಐರ್ಲೆಂಡಲ್ಲಿ ಒಂದೂವರೆ ವರ್ಷ ಇದ್ದೆ. ಅಲ್ಲಿನ ಮೇಟ್ರನ್ ನಕ್ಕುಬಿಟ್ಲು. ನಮ್ಮಲ್ಲಿ ಅದು ಹೊಳೆಯ ಹೆಸರು, ವಿಮಾನ ನಿಲ್ದಾಣದ ಹೆಸರು, ಮಗಳಿಗೆ ಅದನ್ನ ಇಡೋರು ಊರು ಬಿಟ್ಟು ಹೋದವರು ಅಂದ್ಲು."

ಚೆನ್ನಾಜಮ್ಮನೂ ನಕ್ಕರು. ಆಮೇಲೆ ಕೇಳಿದರು, "ನಿನ್ನ ತೊಟ್ಟಿಲಿಗೆ ಹೇಗೆ ಬಂತು ಅದು?"

"ಗೊತ್ತಿಲ್ಲ."

"ಗೊತ್ತಿಲ್ಲದ್ದನ್ನ ಹೇಗೆ ಬಿಡ್ತೀಯ? ತಿಳ್ಕೊಂಡು ಬಾ. ತಟ್ಟೆ ಎಲ್ಲೂ ಓಡಿಹೋಗಲ್ಲ."

ಶಾನನ್ ಕೋಣೆಗೆ ಹೋಗಿ ಫೋನ್ ತೆಗೆದಳು. ಈ ಕಾಲದ ಶಿಷ್ಯರೆಲ್ಲ ಮೊದಲು ಹೋಗುವುದು ಅಲ್ಲಿಗೇ. ಅರ್ಧ ಗಂಟೆಯಲ್ಲಿ ವಾಪಸ್ ಬಂದಳು.

"ಸಿಕ್ತು ಅಮ್ಮ. ಹಳೆಯ ಹೊಳೆ ಅಂತ ಕೆಲವರು ಹೇಳ್ತಾರೆ. ತಿಳಿವು ಉಳ್ಳವಳು ಅಂತ ಇನ್ನು ಕೆಲವರು. ಹೆಣ್ಣುಮಕ್ಕಳಿಗೆ ಒಪ್ಪುವ, ಚೆಂದದ ಹೆಸರು ಅಂತಾನೂ ಬರೆದಿದ್ದಾರೆ."

"ಅದನ್ನ ಬರೆದವರು ನಿನ್ನ ತೊಟ್ಟಿಲು ತೂಗಿದ್ರಾ?"

ಶಾನನ್ ಎದ್ದು ಹೋದಳು.

ಮೂರು ದಿನ ಅವಳು ಓದಿದಳು. ನಾಲ್ಕನೆಯ ದಿನ ಮೆಟ್ಟಿಲ ಮೇಲೆ ಗುರುಗಳು ಪಾದ ತೊಳೆಯುತ್ತಿದ್ದಾಗ ಹತ್ತಿರ ಬಂದು ಕೂತಳು.

"ಅಮ್ಮ, ಆ ಹೊಳೆಗೆ ಒಂದು ಕಥೆ ಇದೆ."

"ಹೇಳು."

"ಸಿನನ್ ಅಂತ ಒಬ್ಬಳು ಹುಡುಗಿ. ಕಡಲ ದೇವರ ಮೊಮ್ಮಗಳು. ಅವರ ದೇಶದಲ್ಲಿ ಒಂದು ಬಾವಿ ಇತ್ತಂತೆ. ಸುತ್ತ ಒಂಬತ್ತು ಮರ. ಆ ಮರದ ಕಾಯಿ ನೀರಿಗೆ ಬೀಳ್ತಾ ಇತ್ತು. ತಿಂದವರಿಗೆ ಲೋಕದ ತಿಳಿವೆಲ್ಲ ಬರುತ್ತೆ. ಹೆಂಗಸರು ಮಾತ್ರ ಆ ಬಾವಿ ಹತ್ತಿರ ಹೋಗಬಾರದು."

"ಇದ್ದೇ ಇರುತ್ತೆ," ಎಂದರು ಚೆನ್ನಾಜಮ್ಮ. "ಆಮೇಲೆ?"

"ಹೋದ್ಲು."

"ಹೋದ್ಲಾ!" ಗುರುಗಳು ಒದ್ದೆ ಕೈಯಲ್ಲೇ ಶಿಷ್ಯೆಯ ಮೊಣಕೈ ಹಿಡಿದರು. "ಒಬ್ಬಳೇ?"

"ಒಬ್ಬಳೇ. ಬಾವಿಗೆ ಕೋಪ ಬಂತು. ನೀರು ಉಕ್ಕಿ ಮೇಲೆದ್ದು ಅವಳನ್ನ ಎಳ್ಕೊಂಡು ಹೋಯ್ತು. ಆ ನೀರೇ ಹೊಳೆಯಾಯ್ತು. ಹೊಳೆಗೆ ಅವಳ ಹೆಸರೇ ಬಂತು, ಬರ್ತಾ ಬರ್ತಾ ಅದು ಶಾನನ್ ಆಯ್ತು. ಪಾಪ, ಮುಳುಗಿಹೋದ್ಲು."

"ಮುಳುಗಿದವಳು ಕಡಲ ತನಕ ಹೋಗ್ತಾಳಾ, ಮಗಾ?"

ಶಾನನ್ ಹೊಳೆಯ ಕಡೆ ತಿರುಗಿದಳು. ಎದುರಿಗೆ ಕಾವೇರಿ ತನ್ನ ಪಾಡಿಗೆ ಹರಿಯುತ್ತಿದ್ದಳು.

"ಇನ್ನೊಂದು ಸಲ ಹೇಳು," ಎಂದರು ಗುರುಗಳು. "ಆ ಒಂಬತ್ತು ಮರದಿಂದ ಶುರುಮಾಡು."

ಶಾನನ್ ಮತ್ತೆ ಹೇಳಿದಳು. ಎರಡನೆಯ ಸಲ ಹೇಳುವಾಗ ತಾನೇ ನೆಟ್ಟಗೆ ಕೂತಿದ್ದನ್ನು ಅವಳು ಗಮನಿಸಲಿಲ್ಲ.

"ಎಂಥಾ ಹುಡುಗಿ!" ಎಂದರು ಚೆನ್ನಾಜಮ್ಮ. ಸೆರಗಿನಿಂದ ಪಾದ ಒರೆಸಿಕೊಂಡು ಎದ್ದರು. "ಆದರೆ ಇದು ಹೊಳೆಯ ಕಥೆ. ಅಷ್ಟು ದೂರದ ಹೊಳೆ ಕೋಲಾರದ ತೊಟ್ಟಿಲಿಗೆ ಹೇಗೆ ಬಂತು?"

"ಅಮ್ಮ, ಹುಣ್ಣಿಮೆಗೆ ಒಂದೇ ವಾರ."

"ಹಾಗಾದ್ರೆ ನಾಳೆ ಬೆಳಗ್ಗಿನ ಬಸ್ಸಿಗೇ ಹೊರಡು."

ಚಿನ್ನದ ಗಣಿಯ ಊರಿನಲ್ಲಿ ಡೋರೀನ್ ಆಂಟಿ ಇದ್ದರು. ಶಾನನ್‌ಳ ತೀರಿಹೋದ ತಾಯಿಗೆ ಅಕ್ಕ. ಎಂಬತ್ತು ದಾಟಿದೆ, ತುಟಿಯ ಬಣ್ಣ ಬಿಟ್ಟಿಲ್ಲ.

"ಏನ್ ಚೈಲ್ಡ್, ಇನ್ನೂ ತಲೆ ಬೋಳಿಸಿಲ್ವಾ ಅವರು?"

"ಬೋಳಿಸಲ್ಲ ಆಂಟಿ. ಹೆಸರು ಬದಲಾಯಿಸ್ತಾರೆ, ಅಷ್ಟೇ."

ಆಂಟಿ ಎದ್ದು ತಟ್ಟೆ ಇಟ್ಟರು. ಹಳದಿ ಅನ್ನ ಬಡಿಸಿದರು. ಪಕ್ಕದಲ್ಲಿ ಕೈಮಾ ಉಂಡೆ ಸಾರಿನ ಬಟ್ಟಲು ಇಟ್ಟವರು, ಆಶ್ರಮದವಳು ಮಾಂಸ ತಿನ್ನುವುದಿಲ್ಲ ಎಂದು ನೆನಪಾಗಿ ತಮ್ಮ ಕಡೆಗೇ ಎಳೆದುಕೊಂಡರು.

"ಯಾವ ಹೆಸರು ಬದಲಾಯಿಸ್ತಾರೆ? ನಾನು ಇಟ್ಟಿದ್ದಾ?"

"ನೀವಾ ಇಟ್ಟಿದ್ದು?"

"ನಿಮ್ಮಮ್ಮ ಲಿಂಡಾ ಅಂತ ಇಡೋಕೆ ಹೊರಟಿದ್ಲು. ಯಾರೋ ಸಿನಿಮಾದವಳಂತೆ. ನಾನು ಬಿಡಲಿಲ್ಲ. ಈ ಮನೇಲಿ ಒಬ್ಬಳಾದ್ರೂ ಶಾನನ್ ಇರಬೇಕು ಅಂತ ನನ್ನ ಗ್ರ್ಯಾನಿಗೆ ಮಾತು ಕೊಟ್ಟಿದ್ದೆ. ಮೊದಲನೇ ಶಾನನ್ ಅವಳೇ. ನಿನ್ನ ಮುತ್ತಜ್ಜಿ."

"ಅವಳಿಗೆ ಯಾಕೆ ಆ ಹೆಸರು?"

ಆಂಟಿ ಚಮಚ ಕೆಳಗಿಟ್ಟರು.

"ಅವಳ ಅಪ್ಪ ಮೈಕಲ್. ಐರ್ಲೆಂಡಿನವನು. ಇಲ್ಲಿ ರೈಲು ಓಡಿಸ್ತಿದ್ದ. ಮನೆ ಇದ್ದದ್ದು ಆ ಶಾನನ್ ಹೊಳೆ ದಂಡೆ ಮೇಲೆ. ಒಂದ್ಸಲ ಬಿಟ್ಟು ಬಂದವನು ಮತ್ತೆ ನೋಡಲೇ ಇಲ್ಲ. ಅವನು ಮದುವೆಯಾಗಿದ್ದು ನಿಮ್ಮ ಆ ಕಡೆಯವಳನ್ನೇ. ಕಾವೇರಿ ದಂಡೆಯ ಯಾವುದೋ ಹಳ್ಳಿ. ಚರ್ಚಿನಲ್ಲಿ ಅವಳಿಗೆ ರೋಸ್ ಅಂತ ಹೆಸರಿಟ್ರು."

"ಅದಕ್ಕೆ ಮೊದಲು ಏನಿತ್ತು?"

"ಯಾರು ಕೇಳಿದ್ರು, ಚೈಲ್ಡ್? ಚರ್ಚಿನ ಪುಸ್ತಕದಲ್ಲಿ ರೋಸ್ ಅಂತಿದೆ. ಹಿಂದಿನದು ಇಲ್ಲ. ಗ್ರ್ಯಾನಿಗೂ ಗೊತ್ತಿರಲಿಲ್ಲ."

ಗೋಡೆಯ ಮೇಲಿನ ಗಡಿಯಾರದ ಕಡೆ ನೋಡುತ್ತಾ ಆಂಟಿ ಮುಂದುವರಿಸಿದರು.

"ಮಗಳು ಹುಟ್ಟಿದಾಗ ರೋಸ್ ಹಠ ಹಿಡಿದ್ಲಂತೆ. ಕಾವೇರಿ ಅಂತಾನೇ ಬರೀಬೇಕು ಅಂತ. ಪಾದ್ರಿ, ಹೊಳೆಯ ಹೆಸರನ್ನ ಇಲ್ಲಿ ಬರೆಯೋಕೆ ಆಗಲ್ಲ ಅಂದ್ರು. ಇವಳು ಮಗು ಎತ್ತಿಕೊಂಡು ಹೊರಟೇಬಿಟ್ಲು. ಆಗ ಮೈಕಲ್ ಬಾಗಿಲಿಗೆ ಅಡ್ಡ ನಿಂತ. ಅವಳ ಹೊಳೆ ಬೇಡ ಅಂದ್ರೆ ನನ್ನ ಹೊಳೆ ಬರೀರಿ ಫಾದರ್, ನೀವೂ ಅದರ ನೀರು ಕುಡಿದು ಬೆಳೆದವರು ಅಂದ. ಪಾದ್ರಿ ಎಷ್ಟೋ ಹೊತ್ತು ಪೆನ್ನು ಹಿಡ್ಕೊಂಡು ಕೂತಿದ್ರಂತೆ. ಆಮೇಲೆ ಬರೆದ್ರು."

"ರೋಸ್ ಒಪ್ಪಿದ್ಲಾ?"

"ಎಲ್ಲರ ಎದುರಿಗೆ ಶಾನನ್ ಅಂತಿದ್ಲು. ಭಾನುವಾರ ಬಾಗಿಲು ಹಾಕ್ಕೊಂಡು ಮಗಳ ತಲೆಗೆ ನೀರು ಹಾಕುವಾಗ ಮಾತ್ರ ಕಾವೇರಿ ಅಂತಿದ್ಲು. ಗ್ರ್ಯಾನಿ ನನ್ನ ತಲೆಗೆ ಎಣ್ಣೆ ಹಚ್ಚುವಾಗ ಇದನ್ನೆಲ್ಲ ಹೇಳ್ತಿದ್ಲು. ಉಣ್ಣು ಚೈಲ್ಡ್, ತಣ್ಣಗಾಗ್ತಿದೆ."

ಶಾನನ್ ಉಂಡಳು. ಉಪ್ಪು ಜಾಸ್ತಿಯಾಗಿತ್ತು, ಅಥವಾ ಅದು ಕಣ್ಣೀರು.

ಹುಣ್ಣಿಮೆಯ ಬೆಳಿಗ್ಗೆ ಎಲ್ಲರೂ ಮೆಟ್ಟಿಲ ಮೇಲೆ ಸೇರಿದರು. ತಿಪ್ಪಮ್ಮ ತಟ್ಟೆ ತಂದಿಟ್ಟು ಅಕ್ಕಿ ಹರಡಿದಳು.

"ಬೇಗ ಮುಗಿಸಿ ನರ್ಸಮ್ಮ. ಎಸರು ಕುದೀತಾ ಇದೆ."

ಶಾನನ್ ತೋರುಬೆರಳಿನಿಂದ ಮೂರು ಅಕ್ಷರ ಬರೆದಳು. ಬಾವಿಗೆ ಹೋದ ಹುಡುಗಿಯ ಕಥೆ ಹೇಳಿದಳು. ಬಾಗಿಲಿಗೆ ಅಡ್ಡ ನಿಂತ ರೈಲಿನವನ ಕಥೆ ಹೇಳಿದಳು. ಮಗು ಎತ್ತಿಕೊಂಡು ಹೊರಟ ಹೆಂಗಸಿನ ಕಥೆ ಹೇಳಿದಳು.

ತಿಪ್ಪಮ್ಮ ಎಸರು ಮರೆತಳು.

"ಅಳಿಸು," ಎಂದರು ಚೆನ್ನಾಜಮ್ಮ.

ಶಾನನ್ ಅಂಗೈ ತಟ್ಟೆಯ ಮೇಲೆ ತಂದಳು. ಕೈ ಅಲ್ಲೇ ನಿಂತಿತು.

"ಅಳಿಸು, ಮಗಾ."

"ಆಗಲ್ಲ ಅಮ್ಮ."

"ಯಾಕೆ?"

"ಆ ರೋಸ್ ಕೂಡ ಒಂದು ದಿನ ಹೀಗೇ ಕೂತಿದ್ದಿರಬೇಕು. ಉಳ್ಕೊಳ್ಳೋದಕ್ಕೆ ಅವಳೂ ಹೆಸರು ಬಿಟ್ಟುಕೊಟ್ಲು."

ತಿಪ್ಪಮ್ಮ ಗಾಬರಿಯಾದಳು. "ಅಳಿಸದಿದ್ರೆ ಹೋಗಬೇಕಾಗುತ್ತೆ ನರ್ಸಮ್ಮ! ಇವತ್ತಿಗೆ ಎರಡು ವರ್ಷ!"

"ಗೊತ್ತು ತಿಪ್ಪಮ್ಮ. ಹೋಗ್ತೀನಿ."

ಅವಳು ಕೈಯನ್ನು ತಟ್ಟೆಯ ಮೇಲಿಂದ ತೆಗೆದು ಮಡಿಲಲ್ಲಿ ಇಟ್ಟುಕೊಂಡಳು.

ಚೆನ್ನಾಜಮ್ಮ ಆ ಮೂರು ಅಕ್ಷರ ನೋಡಿದರು. ಆಮೇಲೆ ಮುಂದೆ ಬಾಗಿ, ಎಂದಿನಂತೆ ಶಿಷ್ಯೆಯ ಬಲಗಿವಿಯಲ್ಲಿ ಮೂರು ಸಲ ಏನೋ ಹೇಳಿದರು.

ಶಾನನ್ ಕಣ್ಣು ಮುಚ್ಚಿಕೊಂಡಳು.

"ಏನು ಹೆಸರು ಕೊಟ್ರಿ ಅಮ್ಮ?" ಎಂದಳು ತಿಪ್ಪಮ್ಮ.

"ನಿನಗೆ ಓದೋಕೆ ಬರುತ್ತಲ್ಲ. ತಟ್ಟೆ ನೋಡು."

"ಕಟ್ಟಳೆ?"

"ಹೊಸ ಹೆಸರು ಪಡೀಬೇಕು ಅಂತ ತಾನೇ ಕಟ್ಟಳೆ? ಇದು ಅವಳಿಗೆ ಸಿಕ್ಕಿ ಇನ್ನೂ ವಾರ ಆಗಿಲ್ಲ."

ತಿಪ್ಪಮ್ಮ ತಟ್ಟೆ ಎತ್ತಿಕೊಂಡಳು. ಅಂಚಿನ ತನಕ ಎಣ್ಣೆ ತುಂಬಿದ ಪಾತ್ರೆ ಹಿಡಿದವಳ ಹಾಗೆ, ಒಂದು ಅಕ್ಷರವೂ ಕದಲದಂತೆ ಅಡುಗೆಮನೆಯ ತನಕ ನಡೆದಳು. ಒಲೆಯ ಮುಂದೆ ನಿಂತು ಕೂಗಿದಳು.

"ಶಾನನ್ನಮ್ಮಾ! ಹೆಸರಾಯ್ತು ಅಂತ ಅಲ್ಲೇ ಕೂತ್ಕೋಬೇಡ. ಬಾ, ಬೇಳೆ ಆರಿಸು!"

ಎಲ್ಲರೂ ನಕ್ಕರು. ಶಾನನ್ ಕೂಡ ನಕ್ಕಳು, ಓಡಿದಳು.

ಊಟವಾದ ಮೇಲೆ ಅವಳು ಮತ್ತೆ ಮೆಟ್ಟಿಲಿಗೆ ಬಂದಾಗ ಗುರುಗಳು ಕೆಳಗಿನ ಮೆಟ್ಟಿಲಲ್ಲಿ, ನೀರಿಗೆ ಕಾಲು ಇಳಿಬಿಟ್ಟು ಕೂತಿದ್ದರು.

"ಅಮ್ಮ, ಒಂದೇ ಒಂದು ಸಂಕಟ ಉಳಿದಿದೆ."

"ಹ್ಞೂಂ."

"ನನ್ನ ಹೆಸರು ಅಷ್ಟು ದೂರದಿಂದ ಬಂದು ಉಳೀತು. ಈ ದಂಡೆಯಲ್ಲೇ ಹುಟ್ಟಿದವಳ ಹೆಸರು ಚರ್ಚಿನ ಬಾಗಿಲಲ್ಲೇ ಹೋಯ್ತು. ಅವಳ ಅಪ್ಪ ಅಮ್ಮ ಅವಳನ್ನ ಏನಂತ ಕರೀತಿದ್ರೋ, ಇನ್ನು ಯಾರಿಗೂ ಗೊತ್ತಾಗಲ್ಲ."

ಚೆನ್ನಾಜಮ್ಮ ಬೊಗಸೆಯಲ್ಲಿ ಹೊಳೆಯ ನೀರು ಎತ್ತಿದರು. ಅದು ಬೆರಳ ಸಂದಿಯಿಂದ ಇಳಿದುಹೋಗುವ ತನಕ ನೋಡಿದರು.

"ಇನ್ನೊಂದು ಸಲ ಹೇಳು ಮಗಾ. ಮಗಳಿಗೆ ಇಡಿ ಅಂತ ಅವಳು ಹಠ ಹಿಡಿದ ಹೆಸರು ಯಾವುದು?"