ಬಣ್ಣದ ಕಂಪನಿಯ ಮನೆ ಎಲ್ಲಿ?

ಒಂದು ಕಂಪನಿ ಇತ್ತು. ಬಟ್ಟೆಗೆ ಬಣ್ಣ ಹಾಕುವುದು ಅದರ ಕಸುಬು. ಕಂಪನಿ ಎಂದರೆ ವಿಚಿತ್ರ ಪ್ರಾಣಿ, ಮಕ್ಕಳೇ. ಅದಕ್ಕೆ ಹೆಸರಿರುತ್ತದೆ, ಮುಖ ಇರುವುದಿಲ್ಲ. ಊಟ, ನಿದ್ದೆ ಮೊದಲೇ ಇಲ್ಲ.

ಅದರ ಬಾನಿಗಳು, ಅಂದರೆ ಬಣ್ಣ ಕಲಸುವ ದೊಡ್ಡ ತೊಟ್ಟಿಗಳು, ಹೊಳೆಯ ಪಕ್ಕದ ಊರಲ್ಲಿದ್ದವು. ಬಾನಿ ತೊಳೆದ ನೀರು ಹರಿದು ಸಾವಂತ್ರೆವ್ವನ ಹಳ್ಳಿಯ ಕೆರೆ ಸೇರುತ್ತಿತ್ತು. ಕೆರೆ ಒಂದು ದಿನ ನೀಲಿ, ಮರುದಿನ ಕೇಸರಿ. ನೋಡಿದರೆ ಕನಸು ಕಂಡ ಹಾಗೆ. ಆದರೆ ಆ ನೀರು ಕುಡಿದ ಸಾವಂತ್ರೆವ್ವನ ಎಮ್ಮೆಗರು ಮಲಗಿದ್ದು ಮತ್ತೆ ಏಳಲಿಲ್ಲ. ಹಳ್ಳಿಗೆ ಬೇರೆ ನೀರೂ ಇರಲಿಲ್ಲ.

ಯಾರ ಮೇಲೆ ದೂರೋ ಅವರು ವಾಸವಿರುವ ಊರಲ್ಲೇ ನ್ಯಾಯ ಕೇಳಬೇಕು ಎಂಬುದು ಆ ನಾಡಿನ ಕಾನೂನು. ಸಾವಂತ್ರೆವ್ವ ಬಾನಿಗಳ ಊರಿಗೆ ಹೋದಳು. ಕಂಪನಿಯ ವಕೀಲ ನಕ್ಕುಬಿಟ್ಟ.

"ಕಂಪನಿ ಇಲ್ಲಿರಂಗಿಲ್ಲವ್ವ. ಇಲ್ಲಿ ಬರೇ ಕೆಲಸ ನಡಿತೈತಿ. ಅದರ ಬೋರ್ಡು ರಾಜಧಾನ್ಯಾಗ ಐತಿ, ಅಲ್ಲಿ ಹೋಗಿ ಕೇಳು."

ರಾಜಧಾನಿಯಲ್ಲಿ ಬೋರ್ಡೇನೋ ಫಳಫಳ ಹೊಳೆಯುತ್ತಿತ್ತು. ಬಾಗಿಲಿಗೆ ಬೀಗ. ಕಿಟಕಿಯಲ್ಲಿ ಇಣುಕಿದರೆ ಒಂದು ಕುರ್ಚಿ, ಅದರ ಮೇಲೆ ನಿದ್ದೆ ಹೋದ ಬೆಕ್ಕು. ಸಾವಂತ್ರೆವ್ವ ಅಲ್ಲೇ ಮೆಟ್ಟಿಲ ಮೇಲೆ ಕೂತು ಅತ್ತಳು.

ಕೊನೆಗೆ ಅದೇ ರಾಜಧಾನಿಯಲ್ಲಿದ್ದ ನಾಡಿನ ದೊಡ್ಡ ನ್ಯಾಯಾಧೀಶರಾದ ವಿರೂಪಾಕ್ಷಯ್ಯನವರ ಮುಂದೆ ನಿಂತಳು. ಅವರು ಎಲ್ಲ ಕೇಳಿ ಕಣ್ಣು ಮುಚ್ಚಿದರು. ತೂಕಡಿಸುತ್ತಿದ್ದಾರೋ ಯೋಚಿಸುತ್ತಿದ್ದಾರೋ ತಿಳಿಯಲಿಲ್ಲ.

"ಕಂಪನಿ ಹೆಸರು ಸರಕಾರಿ ಪುಸ್ತಕದಾಗ ಬರಸಿದ್ದು ಈ ಊರಾಗ. ಅದಕ್ಕ ಇಲ್ಲೂ ನ್ಯಾಯ ಕೇಳಬಹುದು. ಆದರ ತೀರ್ಪು ಯಾರಿಗೆ ಹೇಳ್ಲಿ, ಬೆಕ್ಕಿಗೇನು?" ಎಂದರು. ಆಮೇಲೆ ಕಣ್ಣು ಬಿಟ್ಟರು. "ತಂಗಿ, ಇವತ್ತು ಈ ಬಣ್ಣ ಅಂತ ಬಾನಿಯವರಿಗೆ ಯಾರು ಹೇಳತಾರ?"

"ದಿನಾ ಮುಂಜಾನೆ ಕುದುರಿಯವ ಒಂದು ಬಣ್ಣದ ಅರಿವಿ ಚೂರು ತಂದು ಕೊಡತಾನ್ರಿ. ಅದನ್ನ ನೋಡಿ ಬಣ್ಣ ಕಲಸತಾರ."

"ಹಂಗಾದ್ರ ಆ ಕುದುರಿ ಬೆನ್ನು ಹತ್ತೂಣು, ನಡಿ."

ಮರುದಿನ ನಸುಕಿನಲ್ಲಿ ಮೊದಲು ಕೆರೆಗೆ ಹೋದರು. ಸಾವಂತ್ರೆವ್ವ ಒಂದು ತಂಬಿಗೆ ನೀರು ತುಂಬಿಕೊಂಡಳು. ಆಮೇಲೆ ಬಾನಿಗಳ ಊರಿನಿಂದ, ಬಟ್ಟೆಯ ಚೂರು ಕೊಟ್ಟು ಮರಳುತ್ತಿದ್ದ ಸವಾರನ ಹಿಂದೆ ಗಾಡಿ ಕಟ್ಟಿಸಿ ಹೊರಟರು. ವಕೀಲನೂ ಗೊಣಗುತ್ತ ಬಂದ. ಗುಡ್ಡದ ಮೇಲೆ ಮಂಜು ಮುಸುಕಿತ್ತು. ಕುದುರೆಯ ಗೆಜ್ಜೆಯ ಸದ್ದೇ ದಾರಿ ತೋರಿಸಿತು. ಮಂಜು ಸರಿದಾಗ ಬೋರ್ಡಿಲ್ಲದ ಒಂದು ಮನೆ. ಜಗಲಿಯ ತೂಗುಮಂಚದಲ್ಲಿ ಕಂಪನಿಯ ಮೂವರು ಯಜಮಾನರು ಮೆಲ್ಲಗೆ ತೂಗಿಕೊಳ್ಳುತ್ತಾ ಇನ್ನೂ ಬೆಳಗಿನ ಆಕಾಶ ನೋಡುತ್ತಿದ್ದರು. ಆಕಾಶದಲ್ಲಿ ಯಾವ ಬಣ್ಣ ಮನಸ್ಸಿಗೆ ಹಿಡಿಸಿತೋ ಅದೇ ಆ ದಿನದ ಬಣ್ಣ.

"ಸ್ವಾಮಿ, ಇಲ್ಲಿ ಬಾನಿನೂ ಇಲ್ಲ, ಬೋರ್ಡೂ ಇಲ್ಲ!" ಎಂದ ವಕೀಲ.

"ಇವರು ಆಕಾಶ ನೋಡಿದ ಮ್ಯಾಲೇ ಅಲ್ಲಿ ಬಾನಿ ಕಲಕತಾವು. ಕಂಪನಿ ವಾಸ ಇರೂದು ಇದೇ ಮನಿಯಾಗ" ಎಂದರು ವಿರೂಪಾಕ್ಷಯ್ಯ.

ಸಾವಂತ್ರೆವ್ವ ತಂಬಿಗೆಯನ್ನು ಹಿರಿಯ ಯಜಮಾನರ ಕಾಲ ಬಳಿ ಇಟ್ಟಳು. "ಇದು ನೀವ ಆರಿಸಿದ ಬಣ್ಣರೀ. ನನ್ನ ಕರ ಕುಡದದ್ದು ಇಂಥಾ ನೀರು."

ಅವರು ಬಗ್ಗಿ ನೋಡಿದರು. ಹಿಂದಿನ ದಿನ ತಾವೇ ಮೆಚ್ಚಿದ ಗುಲಾಬಿ. ಅದು ಹರಿದು ಎಲ್ಲಿಗೆ ಹೋಗುತ್ತದೆಂದು ಅವರು ಒಮ್ಮೆಯೂ ಕೇಳಿದವರಲ್ಲ. ಕಾಲು ಊರಿ ತೂಗುಮಂಚ ನಿಲ್ಲಿಸಿದರು.

ಮರುದಿನ ಸವಾರ ತಂದದ್ದು ಬಣ್ಣವಿಲ್ಲದ ಬಿಳಿ ಚೂರು. ಬಾನಿಗಳು ನಿಂತವು. ಕೊಳೆನೀರಿಗೆ ಬೇರೆ ಗುಂಡಿ ತೋಡುವವರೆಗೆ ದಿನಾ ಬಿಳಿಯೇ ಬಂತು. ಮಳೆಗಾಲ ಕಳೆದ ಮೇಲೆ ಕೆರೆ ತಿಳಿಯಾಯಿತು. ಈಗ ಅದರಲ್ಲಿ ಕಾಣುವ ಗುಲಾಬಿ ಆಕಾಶದ್ದು. ಸಾವಂತ್ರೆವ್ವನ ಎಮ್ಮೆ ಧೈರ್ಯವಾಗಿ ಅದಕ್ಕೆ ಬಾಯಿ ಹಾಕುತ್ತದೆ.

ನೀತಿ: ತೀರ್ಮಾನ ಎಲ್ಲಿ ಹುಟ್ಟುತ್ತದೋ ಕಂಪನಿಯ ವಾಸ ಅಲ್ಲಿ. ಅನ್ಯಾಯವಾದರೆ ಆ ಬಾಗಿಲನ್ನೇ ಹುಡುಕಿ ತಟ್ಟಬೇಕು. ಒಳಗೆ ಕೂತವರು ನಾವೇ ಆದರೆ, ನಮ್ಮ ಮಾತು ಹರಿದು ಯಾರ ಕೆರೆ ಸೇರುತ್ತದೆಂದು ಎದ್ದು ಹೋಗಿ ನೋಡಬೇಕು.