ಹನ್ನೊಂದನೇ ವಾರ್ಡಿನ ಬೋರ್ಡು

ಹನ್ನೊಂದನೇ ವಾರ್ಡಿನಿಂದ ಇದುವರೆಗೆ ಗೆದ್ದವರ ಹೆಸರನ್ನೆಲ್ಲ ಇಸವಿ ಸಮೇತ ಬೋರ್ಡಿಗೆ ಬರೆಸುವ ಕೆಲಸ ನಮ್ಮೂರ ಪುರಸಭೆಯ ಗುಮಾಸ್ತನ ತಲೆಗೆ ಬಿತ್ತು.

ಸುದ್ದಿ ಕೇಳಿ ಕೆಂಪರಾಜಪ್ಪನವರು ಬಂದರು. ಎರಡು ಸಲ ಗೆದ್ದವರು. ನಡುವೆ ವಾರ್ಡು ಮಹಿಳೆಗೆ ಮೀಸಲಾದಾಗ ಹೆಂಡತಿ ಸಾಕಮ್ಮನನ್ನು ನಿಲ್ಲಿಸಿ ಗೆಲ್ಲಿಸಿದ್ದರು.

"ಆ ಐದು ವರ್ಷಕ್ಕೂ ನನ್ನ ಹೆಸರೇ ಬರೆಸು. ಅವಳು ಬರೀ ರುಜು ಹಾಕಿದ್ದು, ವಾರ್ಡು ನಡೆಸಿದೋನು ನಾನು. ಬರೆಸಲಿಲ್ವೋ, ನಿನಗೆ ವರ್ಗ ಗ್ಯಾರಂಟಿ!"

"ಆಗಲಿ ಸಾರ್," ಅಂದ ಗುಮಾಸ್ತ.

ಬೋರ್ಡು ಗೋಡೆಗೇರಿತು. ಕೆಂಪರಾಜಪ್ಪನವರು ನಾಲ್ಕು ಜನರನ್ನು ಕರೆತಂದು ಗಟ್ಟಿಯಾಗಿ ಓದಿದರು: "ಕೆಂಪರಾಜಪ್ಪ, ಕೋಂ ಸಾಕಮ್ಮ..."

ಓದು ಅಲ್ಲೇ ನಿಂತಿತು.

"ಅಯ್ಯೋ, ನನ್ನನ್ನೇ ಅವಳ ಹೆಂಡತಿ ಮಾಡಿದೆಯಲ್ಲೋ!"

"ಏನ್ಮಾಡ್ಲಿ ಸಾರ್? ಆ ಸಲ ಸೀಟು ಹೆಂಗಸರಿಗೆ ಮೀಸಲು. ಗೆದ್ದದ್ದು ನೀವೇ ಅಂದಮೇಲೆ ನೀವು ಯಾರಾದರೊಬ್ಬರ ಹೆಂಡತಿ ಆಗಲೇಬೇಕಲ್ಲ. ಬೇರೆ ಮನೆಗೆ ಕಳಿಸೋಕೆ ನನಗೆ ಮನಸ್ಸು ಬರಲಿಲ್ಲ."

ಜೊತೆಗೆ ಬಂದವರು ಟವೆಲಿನಲ್ಲಿ ಬಾಯಿ ಮುಚ್ಚಿಕೊಂಡರು.

"ಅಳಿಸು! ಅವಳ ಹೆಸರೇ ಇರಲಿ." ಆಮೇಲೆ ಕೆಂಪರಾಜಪ್ಪನವರು ಹತ್ತಿರ ಬಂದು ಮೆಲ್ಲಗೆ ಕೇಳಿದರು, "ಮತ್ತೆ ನನ್ನದು?"

"ಇದ್ದೇ ಇರುತ್ತೆ ಸಾರ್," ಅಂದ ಗುಮಾಸ್ತ. "ಕೋಂ ಆದಮೇಲೆ."