ಕಹಳೆ ಊದಿದಾಗ ಹೊರಗಿದ್ದವನು

ಗುರು ಬರ್ದಾಸ್ ಒಂದು ಕಾಲಕ್ಕೆ ದಂಡನಾಯಕರು. ಬೈಜಾಂಟೈನ್ ಸಾಮ್ರಾಜ್ಯದ ಪೂರ್ವದ ಗಡಿಯನ್ನು ಬಹಳ ವರ್ಷ ಕಾದವರು. ಮುದುಕರಾದ ಮೇಲೆ ಅದೇ ಗಡಿಯ ಹೊಳೆಯ ದಡದಲ್ಲಿ, ಒಂದು ಸಣ್ಣ ಮಠದ ಹಿತ್ತಿಲಲ್ಲಿ ಈರುಳ್ಳಿ ಬೆಳೆಯುತ್ತಿದ್ದರು.

ದಂಡನಾಯಕರಾಗಿದ್ದಾಗ ಅವರು ಯುದ್ಧದ ಬಗ್ಗೆ ಒಂದು ಪುಸ್ತಕ ಬರೆದಿದ್ದರು. ಪಾಳೆಯ ಹೇಗೆ ಹೂಡಬೇಕು, ಸೋತವರಂತೆ ಓಡುವ ಶತ್ರುವಿನ ಬೆನ್ನು ಯಾಕೆ ಹತ್ತಬಾರದು, ಬೆವರಿದ ಕುದುರೆಗೆ ಯಾವಾಗ ನೀರು ಕುಡಿಸಬೇಕು, ಎಲ್ಲವೂ ಅದರಲ್ಲಿತ್ತು. ಸಾಮ್ರಾಜ್ಯದ ದಳಪತಿಗಳೆಲ್ಲ ಅದನ್ನು ಓದುತ್ತಿದ್ದರು.

ಶಿಷ್ಯ ನಿಕೆಟಾಸ್ ಅದನ್ನು ಬಾಯಿಪಾಠ ಮಾಡಿದ್ದ. ಅವನು ಅಕ್ಷರ ಕಲಿತದ್ದೇ ಆ ಪುಸ್ತಕದಲ್ಲಿ, ಗುರುಗಳ ಮಗ್ಗುಲಲ್ಲಿ ಕೂತು. ಈ ವಸಂತದಲ್ಲಿ ಅವನಿಗೆ ಮೊದಲ ಸಲ ಒಂದು ಪಾಳೆಯದ ಹೊಣೆ ಸಿಕ್ಕಿತ್ತು. ಅದೂ ಅದೇ ಹೊಳೆಯ ದಡದಲ್ಲಿ, ಮಠದಿಂದ ಸ್ವಲ್ಪ ಮೇಲಕ್ಕೆ.

ಬಂದಾಗಲೆಲ್ಲ ಅವನು ಗುರುಗಳಿಗೆ ಒಂದು ಗಿಣ್ಣಿನ ಉಂಡೆ ತರುತ್ತಿದ್ದ. ಹೋಗುವಾಗ ಗುರುಗಳು ಅವನ ಕುದುರೆಯ ಜೀನಿಗೆ ಈರುಳ್ಳಿಯ ಕಟ್ಟು ನೇತುಹಾಕುತ್ತಿದ್ದರು. ದಳಪತಿಯ ಕುದುರೆ ಈರುಳ್ಳಿ ನಾರುತ್ತದೆ ಎಂದು ಪಾಳೆಯದಲ್ಲಿ ಎಲ್ಲರೂ ನಗುತ್ತಿದ್ದರು. ಅವನಿಗೂ ಗೊತ್ತಿತ್ತು. ಕಟ್ಟು ಮಾತ್ರ ಬಿಚ್ಚುತ್ತಿರಲಿಲ್ಲ.

ಆ ದಿನ ಅವನು ಬರಿಗೈಯಲ್ಲಿ ಬಂದ.

ಗುರುಗಳು ಪಾತಿಯಿಂದ ತಲೆ ಎತ್ತಲಿಲ್ಲ. ಗಿಣ್ಣು ಮರೆತವನಿಗೆ ಏನೋ ಆಗಿದೆ ಎಂದಷ್ಟೇ ಅಂದರು.

ಆಗಿದ್ದು ಇಷ್ಟು. ಕುದುರೆಗಳಿಗೆ ಮೇವು ತರಲು ಹೊಳೆಯಾಚೆ ಹೋದವರ ಮೇಲೆ ಎರಡು ಸಲ ದಾಳಿಯಾಗಿತ್ತು. ಹೋದ ವಾರ ಒಂದೇ ಡೇರೆಯ ಹತ್ತು ಜನ ಹೋಗಿದ್ದರು. ಒಬ್ಬ ತಿರುಗಿ ಬಂದ. ಮೊನ್ನೆ ಮತ್ತೊಂದು ತಂಡದಲ್ಲಿ ಇಬ್ಬರು ಸತ್ತರು. ಎರಡು ಸಲವೂ ಶತ್ರುಗಳು ಪೊದೆಗಳಲ್ಲಿ ಮೊದಲೇ ಬಂದು ಕೂತಿದ್ದರು.

"ಬರ್ತೀವಿ ಅಂತ ನಾವೇ ಹೇಳಿ ಕಳಿಸಿದ ಹಾಗೆ, ಗುರುಗಳೇ," ಅಂದ ನಿಕೆಟಾಸ್. "ನನ್ನ ಪಾಳೆಯದಲ್ಲಿ ಗೂಢಚಾರ ಇದ್ದಾನೆ."

ಮೇವಿಗೆ ಯಾವ ಹೊತ್ತಿಗೆ ಕಳಿಸುತ್ತಿದ್ದೆ ಎಂದು ಗುರುಗಳು ಕೇಳಿದರು.

ಪುಸ್ತಕದಲ್ಲಿ ಇದ್ದ ಹಾಗೇ ಎಂದ ಅವನು. ಒದ್ದೆ ಹುಲ್ಲು ತಿಂದರೆ ಕುದುರೆಗೆ ಹೊಟ್ಟೆ ಉಬ್ಬರಿಸುತ್ತದೆ. ಅದಕ್ಕೇ ಇಬ್ಬನಿ ಆರಿದ ಮೇಲೆ, ಹೊಳೆ ಆಳವಿಲ್ಲದ ಕಡೆ ದಾಟಿ, ಹತ್ತಿರದ ಹುಲ್ಲುಗಾವಲಿಗೆ. ಒಂದು ದಿನವೂ ತಪ್ಪಿಸಿರಲಿಲ್ಲ.

ಗುರುಗಳ ಕುಡುಗೋಲು ಒಂದು ಕ್ಷಣ ನಿಂತಿತು.

"ನಾನು ಒಮ್ಮೆ ಆ ಕಡೆಯ ದಳಪತಿಯೊಬ್ಬನನ್ನ ಸೆರೆ ಹಿಡಿದಿದ್ದೆ," ಅಂದರು. "ಅವನು ಸಾಯಂಕಾಲ ಆದರೆ..."

"ಕಥೆ ಆಮೇಲೆ ಕೇಳ್ತೀನಿ ಗುರುಗಳೇ. ಗೂಢಚಾರನನ್ನ ಹಿಡಿಯೋ ಉಪಾಯನೂ ಪುಸ್ತಕದಲ್ಲಿದೆಯಲ್ಲ. ಅಪ್ಪಣೆ ಕೇಳೋಕೆ ಬಂದೆ."

ಉಪಾಯ ಸರಳವಾದದ್ದು. ಆ ಸೈನ್ಯದಲ್ಲಿ ಹತ್ತು ಜನಕ್ಕೆ ಒಂದು ಡೇರೆ, ಒಂದು ಮಡಕೆ. ಮಧ್ಯಾಹ್ನ ಇದ್ದಕ್ಕಿದ್ದಂತೆ ಕಹಳೆ ಊದಿಸಬೇಕು. ಎಲ್ಲರೂ ಇದ್ದಲ್ಲಿಂದ ಓಡಿ ತಂತಮ್ಮ ಡೇರೆ ಸೇರಬೇಕು. ವೇಷ ಹಾಕಿಕೊಂಡು ನುಸುಳಿದವನಿಗೆ ಡೇರೆ ಎಲ್ಲಿಯದು? ಅವನು ಬಯಲಲ್ಲಿ ಉಳಿಯುತ್ತಾನೆ.

ಗುರುಗಳು ಅಪ್ಪಣೆ ಕೊಟ್ಟರೋ ಇಲ್ಲವೋ, ನಿಕೆಟಾಸ್ ಆಗಲೇ ಕುದುರೆ ಹತ್ತಿದ್ದ. ಈರುಳ್ಳಿಯ ಕಟ್ಟು ಗುರುಗಳ ಕೈಯಲ್ಲೇ ಉಳಿಯಿತು.

ಮರುದಿನ ಮಧ್ಯಾಹ್ನ ಕಹಳೆ ಊದಿತು.

ನಿಕೆಟಾಸ್ ಪಾಳೆಯದ ನಟ್ಟನಡುವೆ ನಿಂತು ನಾಲ್ಕೂ ಕಡೆ ನೋಡಿದ. ಒಲೆಗಳ ಮೇಲೆ ಮಡಕೆಗಳು ಹಾಗೇ ಕುದಿಯುತ್ತಿದ್ದವು. ಕುದುರೆಗಳು ಬಾಲದಿಂದ ನೊಣ ಓಡಿಸುತ್ತಿದ್ದವು. ಡೇರೆಗಳ ಬಾಗಿಲುಗಳೆಲ್ಲ ಮುಚ್ಚಿದ್ದವು.

ಪಡುವಣ ಮೂಲೆಯಲ್ಲಿ ಒಬ್ಬ ನಿಂತಿದ್ದ.

ಅವನ ಹೆಸರು ಕೊಸ್ಮಾಸ್. ನಡುವಯಸ್ಸು, ದೊಡ್ಡ ಕಿವಿ, ಮಾತು ಕಡಿಮೆ. ಹೋದ ವಾರದ ದಾಳಿಯಲ್ಲಿ ಹತ್ತು ಜನರಲ್ಲಿ ಬದುಕಿ ಬಂದವನು ಅವನೇ. ಅವನ ಹೇಸರಗತ್ತೆಯ ಗೊರಸಿಗೆ ಕಲ್ಲು ಸಿಕ್ಕಿ ಅವನು ಹಿಂದೆ ಉಳಿದಿದ್ದನಂತೆ. ಕಲ್ಲು ಅವತ್ತೇ ಯಾಕೆ ಸಿಕ್ಕಿತು ಎಂದು ಆಗಲೇ ಕೆಲವರು ಗೊಣಗಿದ್ದರು.

ಹೊರಗೆ ಯಾಕೆ ನಿಂತೆ ಎಂದು ನಿಕೆಟಾಸ್ ಅವನನ್ನು ಕೇಳಿದ.

"ಒಳಗೇ ಇದ್ದೆ, ಒಡೆಯಾ," ಅಂದ ಕೊಸ್ಮಾಸ್.

ಡೇರೆಗಳಿಂದ ಇಣುಕಿದವರು ನಕ್ಕರು. ನಿಕೆಟಾಸ್ ಮತ್ತೆ ಕೇಳಿದ. ಅವನು ಅದನ್ನೇ ಹೇಳಿದ. ಈ ಸಲ ಯಾರೂ ನಗಲಿಲ್ಲ.

ಗೂಢಚಾರನಿಗೆ ಶಿಕ್ಷೆ ಒಂದೇ. ಮರುದಿನ ಸೂರ್ಯ ಹುಟ್ಟುವಾಗ, ಎಲ್ಲರ ಎದುರಿಗೆ, ತಲೆದಂಡ. ಕೊಸ್ಮಾಸನನ್ನು ಕಂಬಕ್ಕೆ ಕಟ್ಟಿದರು.

ಹೊತ್ತು ಇಳಿಯುವ ಮುಂಚೆ ನಿಕೆಟಾಸ್ ಮಠಕ್ಕೆ ಬಂದ. ಈ ಸಲ ಗಿಣ್ಣು ತಂದಿದ್ದ. ಪುಸ್ತಕದ ಮಾತು ಅಕ್ಷರಶಃ ನಿಜವಾಯಿತು ಎಂದ. ಹೇಳುವಾಗ ಅವನ ಮುಖದಲ್ಲಿ ಗೆದ್ದವನ ಕಳೆ ಇರಲಿಲ್ಲ.

ಊಟ ಮಾಡಿದೆಯಾ ಎಂದು ಗುರುಗಳು ಕೇಳಿದರು.

ಇಲ್ಲ ಎಂದ.

"ಸಿಕ್ಕವನು ಸಿಕ್ಕಿದ. ಮತ್ತೆ ಯಾಕೆ ಊಟ ಇಳೀತಿಲ್ಲ?"

"ಒಳಗೇ ಇದ್ದೆ ಅಂತಾನೆ, ಗುರುಗಳೇ. ಬಟಾಬಯಲಲ್ಲಿ ನಿಂತವನು. ಸುಳ್ಳು ಹೇಳೋನು ಇಷ್ಟು ದಡ್ಡ ಸುಳ್ಳು ಯಾಕೆ ಹೇಳ್ತಾನೆ?"

ಗುರುಗಳು ಗಿಣ್ಣನ್ನು ಮೂಸಿ ನೋಡಿ ಪಕ್ಕಕ್ಕಿಟ್ಟರು.

"ಕಹಳೆ ಊದಿದಾಗ ಹೊರಗೆ ಎಷ್ಟು ಜನ ಇದ್ದರು?"

"ಒಬ್ಬನೇ."

"ನೀನೇ ನೋಡಿದೆಯಾ?"

"ನಡುವೆ ನಿಂತು ನಾನೇ ನೋಡಿದೆ."

"ಲೆಕ್ಕದಲ್ಲಿ ನೀನು ಮೊದಲಿಂದಲೂ ಸ್ವಲ್ಪ ಹಿಂದೆ," ಎಂದು ಗುರುಗಳು ಕೈಯ ಮಣ್ಣು ಕೊಡವಿಕೊಂಡರು. "ನನ್ನನ್ನ ಕುದುರೆ ಹತ್ತಿಸು."

ನಿಕೆಟಾಸ್ ಅವರನ್ನು ಎತ್ತಿ ಕೂರಿಸಿದ. ಎಷ್ಟು ಹಗುರವಾಗಿಬಿಟ್ಟಿದ್ದಾರೆ ಎಂದು ಅವನಿಗೆ ಆಗ ಗೊತ್ತಾಯಿತು. ದಾರಿಯುದ್ದಕ್ಕೂ ಗುರುಗಳು ಜೀನು ಒತ್ತುತ್ತದೆ ಎಂದು ದೂರುತ್ತಿದ್ದರು. ಅವನು ತನ್ನ ಮೇಲಂಗಿಯನ್ನು ಮಡಿಸಿ ಅವರ ಕೆಳಗೆ ಹಾಕಿದ. ಆಮೇಲೂ ದೂರುತ್ತಲೇ ಇದ್ದರು.

ಪಾಳೆಯಕ್ಕೆ ಬಂದೊಡನೆ ಗುರುಗಳು ಕೊಸ್ಮಾಸನ ಕಾಲಿನ ಹಗ್ಗ ಬಿಚ್ಚಿಸಿದರು. ಕೈಯ ಹಗ್ಗ ಹಾಗೇ ಇರಲಿ ಎಂದರು. ಕಹಳೆಯವನನ್ನು ಕರೆದು ಇನ್ನೊಮ್ಮೆ ಊದು ಎಂದರು.

ಕಹಳೆ ಊದಿತು. ಎಲ್ಲರೂ ಓಡಿ ಒಳಗೆ ಸೇರಿದರು, ಊದಿ ಮುಗಿಸಿದ ಕಹಳೆಯವನೂ.

ಕೊಸ್ಮಾಸನೂ ಹೊರಟ. ಮರಗಟ್ಟಿದ ಕಾಲಿನಲ್ಲಿ ಓಡಲು ಆಗದೆ ನಡೆದ. ಎರಡು ಸಾಲು ಡೇರೆಗಳ ನಡುವೆ ಹಾದು ಪಡುವಣ ಮೂಲೆಗೆ ಬಂದ. ಅಲ್ಲಿ ಒಂದು ಕಡೆ ನಿಂತು, ತಲೆ ಬಗ್ಗಿಸಿ, ಮುಂದೆ ಹೆಜ್ಜೆ ಇಟ್ಟು, ಮತ್ತೆ ತಲೆ ಎತ್ತಿದ.

ಗಿಡ್ಡ ಬಾಗಿಲಲ್ಲಿ ಒಳಗೆ ಹೋಗುವವರು ಹಾಗೆ ಬಗ್ಗುತ್ತಾರೆ.

ಗುರುಗಳು ಹಿಂದೆಯೇ ಹೋಗಿದ್ದರು. ನಿಕೆಟಾಸ್ ಅವರ ಹಿಂದೆ.

ಸುತ್ತ ಹಸಿರು ಹುಲ್ಲು. ಕೊಸ್ಮಾಸ್ ನಿಂತಲ್ಲಿ ಮಾತ್ರ ಬಿಸಿಲು ಕಾಣದೆ ಬಿಳಿಚಿಕೊಂಡ ಹುಲ್ಲಿನ ಒಂದು ಚೌಕ. ಅದರ ಅಂಚಿನಲ್ಲಿ ಗೂಟ ಕಿತ್ತ ತೂತುಗಳು.

"ಇಲ್ಲಿ ಏನಿತ್ತು?" ಎಂದು ಗುರುಗಳು ಕೇಳಿದರು.

ಹೋದ ವಾರ ಸತ್ತವರ ಡೇರೆ ಎಂದ ನಿಕೆಟಾಸ್. ಸತ್ತವರ ಡೇರೆ ನಿಂತೇ ಇದ್ದರೆ ಉಳಿದವರ ಎದೆ ಕುಗ್ಗುತ್ತದೆ, ಅದನ್ನು ಅದೇ ದಿನ ಬಿಚ್ಚಿ ಉಗ್ರಾಣಕ್ಕೆ ಹಾಕಬೇಕು ಎಂದು ಪುಸ್ತಕದಲ್ಲಿತ್ತು. ಅವನು ಅದೇ ದಿನ ಬಿಚ್ಚಿಸಿದ್ದ.

"ಉಳಿದ ಒಬ್ಬನನ್ನ ಏನು ಮಾಡಬೇಕು ಅಂತ ಅದರಲ್ಲಿ ಇರಲಿಲ್ಲ," ಅಂದ, ಬಹಳ ಮೆಲ್ಲಗೆ.

"ಇಲ್ಲ. ನಾನು ಬರೆದಿಲ್ಲ."

ಆಮೇಲೆ ಗುರುಗಳು ಕೊಸ್ಮಾಸನ ಕಡೆ ತಿರುಗಿ, ರಾತ್ರಿ ಎಲ್ಲಿ ಮಲಗುತ್ತೀಯಪ್ಪ ಎಂದು ವಿಚಾರಿಸಿದರು. ಬದುಕಿ ಬಂದವನನ್ನು ಬೇರೆ ಡೇರೆಯವರು ಯಾರೂ ಕರೆದಿರಲಿಲ್ಲ.

ಕೊಸ್ಮಾಸ್ ಕಟ್ಟಿದ ಕೈಗಳಿಂದಲೇ ಚೌಕದ ಒಂದು ಮೂಲೆ ತೋರಿಸಿದ.

"ಇಲ್ಲೇ, ಬಾಗಿಲ ಹತ್ತಿರ. ನಾನು ಗೊರಕೆ ಹೊಡೀತೀನಿ ಅಂತ ಅವರು ನನ್ನನ್ನ ಬಾಗಿಲಿಗೆ ಹಾಕಿದ್ದರು. ನಡುವೆ ಜಾಗ ಇದೆ ಈಗ. ಆದರೂ ಅದು ಅವರದ್ದು."

ನಿಕೆಟಾಸ್ ಮುಂದೆ ಬಂದ. ಚೌಕದ ಅಂಚಿಗೆ ಬಂದಾಗ ಅವನಿಗೂ ತಿಳಿಯದೆ ಅವನ ತಲೆ ಬಗ್ಗಿತು. ಒಳಗೆ ಹೋಗಿ ಹಗ್ಗ ಬಿಚ್ಚಿದ. ಗಂಟು ಬಿಗಿಯಾಗಿತ್ತು, ಹಲ್ಲಿನಿಂದ ಬಿಚ್ಚಬೇಕಾಯಿತು. ಏನೋ ಹೇಳಲು ಹೋದ. ಕೊಸ್ಮಾಸ್ ತನ್ನ ಮಣಿಕಟ್ಟು ಉಜ್ಜಿಕೊಳ್ಳುತ್ತ, ಪರವಾಗಿಲ್ಲ ಒಡೆಯಾ ಎಂದ.

ನಿಕೆಟಾಸ್ ಹೊರಗೆ ಬಂದು ಗುರುಗಳ ಪಕ್ಕ ನಿಂತ.

"ಹಾಗಾದರೆ ಉಪಾಯ ಸುಳ್ಳಾಯ್ತಲ್ಲ, ಗುರುಗಳೇ. ಇವನು ತನ್ನ ಡೇರೆಯಲ್ಲೇ ಇದ್ದ. ಎಲ್ಲರೂ ಒಳಗೇ ಇದ್ದರು."

"ಎಲ್ಲರೂ?"

ನಿಕೆಟಾಸ್ ಸುತ್ತ ನೋಡಿದ. ಡೇರೆಗಳ ಬಾಗಿಲು ಮುಚ್ಚಿದ್ದವು. ಕೊಸ್ಮಾಸ್ ತನ್ನ ಚೌಕದೊಳಗಿದ್ದ. ಬಯಲಲ್ಲಿ ನಿಂತಿದ್ದವರು ಇಬ್ಬರೇ, ಗುರುಗಳು ಮತ್ತು ಅವನು.

"ಮಧ್ಯಾಹ್ನ ನಾನು ಇಲ್ಲಿ ಇರಲಿಲ್ಲ," ಅಂದರು ಗುರುಗಳು.

ನಿಕೆಟಾಸನ ಮುಖ ಬಿಳುಪೇರಿತು. ತಾನು ಯಾರಿಗೂ ಒಂದು ಮಾತೂ ಬಿಟ್ಟುಕೊಟ್ಟಿಲ್ಲ ಎಂದ. ಕನಸಿನಲ್ಲಿ ಕೂಡ ಇಲ್ಲ ಎಂದ.

"ನಿನ್ನೆ ಒಂದು ಕಥೆ ಅರ್ಧಕ್ಕೆ ನಿಂತಿತ್ತು," ಅಂದರು ಗುರುಗಳು. "ಈಗ ಹೇಳಲಾ?"

ಅವನು ತಲೆಯಾಡಿಸಿದ.

ಆ ಸೆರೆಯಾದ ದಳಪತಿ ಒಳ್ಳೆಯ ಮನುಷ್ಯನಂತೆ. ಸಾಯಂಕಾಲ ಇಬ್ಬರೂ ಒಂದೇ ಬೆಂಕಿಯ ಮುಂದೆ ಕೂರುತ್ತಿದ್ದರಂತೆ. ಒಂದು ದಿನ ಅವನು ತನ್ನ ಭಾಷೆಯಲ್ಲಿ ಏನೋ ಹೇಳತೊಡಗಿದ. ಗುರುಗಳಿಗೆ ಆ ಭಾಷೆ ಅಷ್ಟಿಷ್ಟು ಬರುತ್ತಿತ್ತು. ಕೇಳುತ್ತ ಕೇಳುತ್ತ ಅದು ತಮ್ಮದೇ ಪುಸ್ತಕ ಎಂದು ಗೊತ್ತಾಯಿತು. ಮೊದಲಿಂದ ಕೊನೆವರೆಗೆ ಹೇಳಿದ. ಹೇಳಿ ಮುಗಿಸಿ, ಎರಡು ಕಡೆ ತಪ್ಪಿದೆ ಎಂದೂ ತೋರಿಸಿಕೊಟ್ಟ.

"ಆ ಕಡೆಯವರು ಅದನ್ನ ನಿನಗಿಂತ ಚೆನ್ನಾಗಿ ಓದ್ತಾರೆ, ಮಗೂ. ನೀನು ಪ್ರೀತಿಯಿಂದ ಓದ್ತೀಯ. ಅವರು ನಿನ್ನನ್ನ ಹುಡುಕಿಕೊಂಡು ಓದ್ತಾರೆ. ಇಬ್ಬನಿ ಆರಿದ ಮೇಲೆ ಹೊಳೆ ಆಳ ಇಲ್ಲದ ಕಡೆ ಬರ್ತಾನೆ ಅಂತ ಅವರಿಗೆ ಯಾರೂ ಹೋಗಿ ಹೇಳಬೇಕಾಗಿರಲಿಲ್ಲ."

ನಿಕೆಟಾಸ್ ಹುಲ್ಲಿನ ಮೇಲೆ ಕುಸಿದು ಕೂತ. ಸತ್ತವರ ಹೆಸರುಗಳನ್ನು ಒಂದೊಂದಾಗಿ ಹೇಳಿದ. ಎಲ್ಲರ ಹೆಸರೂ ಅವನಿಗೆ ಗೊತ್ತಿತ್ತು. ಒಂದು ಹೆಸರಿಗೆ ಕೊಸ್ಮಾಸ್ ಮುಖ ತಿರುಗಿಸಿಕೊಂಡ.

ಆಮೇಲೆ ನಿಕೆಟಾಸ್ ಸೊಂಟದ ಕತ್ತಿ ಬಿಚ್ಚಿ ಗುರುಗಳ ಕಾಲ ಬಳಿ ಇಟ್ಟ.

"ಸೂರ್ಯ ಹುಟ್ಟುವಾಗ ಶಿಕ್ಷೆ ಅಂತ ಸಾರಿಸಿದ್ದೇನೆ. ಅದು ನನಗೇ ಆಗಲಿ."

ಗುರುಗಳು ಕತ್ತಿ ಮುಟ್ಟಲಿಲ್ಲ. ಮಣ್ಣು ಮೆತ್ತಿದ ಕೈಯನ್ನು ಅವನ ತಲೆಯ ಮೇಲಿಟ್ಟರು. ಅವನು ಚಿಕ್ಕವನಿದ್ದಾಗ ಸಾಲು ತಪ್ಪಿ ಓದಿದರೂ ಹಾಗೇ ಇಡುತ್ತಿದ್ದರು.

"ಸೂರ್ಯ ಹುಟ್ಟುವಾಗ ಕುದುರೆಗಳು ಹಸಿದಿರ್ತವೆ," ಅಂದರು. "ಇವರಲ್ಲಿ ಯಾರೋ ಮೇವಿಗೆ ಹೋಗಬೇಕು. ಅವರು ತಿರುಗಿ ಬರೋ ಹಾಗೆ ಮಾಡೋನು ಯಾರು?"

ನಿಕೆಟಾಸ್ ಕತ್ತಿಯನ್ನು ಮತ್ತೆ ಸೊಂಟಕ್ಕೆ ಕಟ್ಟಿಕೊಂಡ. ಆಮೇಲೆ ಎದ್ದು ಉಗ್ರಾಣಕ್ಕೆ ಹೋದ. ಡೇರೆಯ ಬಟ್ಟೆಯನ್ನು ತಾನೇ ಹೊತ್ತುಕೊಂಡು ಬಂದ. ಸಹಾಯಕ್ಕೆ ಬಂದವರನ್ನು ಬೇಡ ಎನ್ನಲಿಲ್ಲ.

ಗೂಟಗಳನ್ನು ಹಳೆಯ ತೂತುಗಳಿಗೇ ಹೊಡೆದರು. ಸಡಿಲ ಆಗುತ್ತದೆ, ಪಕ್ಕದಲ್ಲಿ ಹೊಸದಾಗಿ ಹೊಡೆಯೋಣ ಎಂದು ಯಾರೋ ಹೇಳಿದರು. ಕೊಸ್ಮಾಸ್ ಒಪ್ಪಲಿಲ್ಲ. ತೂತುಗಳಿಗೆ ಕಲ್ಲಿನ ಚೂರು ತುರುಕಿ ಬಿಗಿ ಮಾಡಿದ.

ನಿಕೆಟಾಸನ ಹಾಸಿಗೆಯೂ ಆ ಡೇರೆಗೆ ಬಂತು. ಮೊನ್ನೆ ಇಬ್ಬರನ್ನು ಕಳೆದುಕೊಂಡ ತಂಡದವರು ತಾವಾಗಿಯೇ ತಮ್ಮ ಮಡಕೆ ಹಿಡಿದು ಬಂದು, ಇಲ್ಲಿ ಜಾಗ ಇದೆಯಾ ಎಂದರು. ಬೆಳಗ್ಗೆಯವರೆಗೆ ನಿಮಗೆ ನಿದ್ದೆ ಬರುವುದಿಲ್ಲ, ನಾನು ಗೊರಕೆ ಹೊಡೆಯುತ್ತೇನೆ ಎಂದು ಕೊಸ್ಮಾಸ್ ಎಲ್ಲರಿಗೂ ಮೊದಲೇ ಹೇಳಿದ. ಬಾಗಿಲ ಹತ್ತಿರದ ಜಾಗ ಮಾತ್ರ ಯಾರಿಗೂ ಬಿಟ್ಟುಕೊಡಲಿಲ್ಲ.

ಹೊತ್ತು ಮುಳುಗುವ ಮುಂಚೆ ನಿಕೆಟಾಸ್ ಗುರುಗಳನ್ನು ಮಠಕ್ಕೆ ಕರೆದುಕೊಂಡು ಹೊರಟ. ಅವರನ್ನು ಕುದುರೆಯ ಮೇಲೆ ಕೂರಿಸಿ, ತಾನು ಲಗಾಮು ಹಿಡಿದು ಹೊಳೆಯ ದಡದಲ್ಲಿ ನಡೆದ. ಅವನು ನಡುನಡುವೆ ನಿಂತು ನೀರನ್ನು, ಆಚೆ ದಡದ ಗುಡ್ಡವನ್ನು ನೋಡುತ್ತಿದ್ದ. ಪುಸ್ತಕ ಓದುವಾಗ ಅವನು ಯಾವತ್ತೂ ಅಷ್ಟು ನಿಧಾನವಾಗಿ ನೋಡಿದವನಲ್ಲ. ಅವನು ನಿಂತಾಗಲೆಲ್ಲ ಗುರುಗಳು ಜೀನಿನ ದೂರು ನಿಲ್ಲಿಸಿ ಸುಮ್ಮನೆ ಕೂತಿರುತ್ತಿದ್ದರು.

ಈರುಳ್ಳಿ ಪಾತಿಯ ಹತ್ತಿರ ಅವರನ್ನು ಇಳಿಸಿದ. ಅವರ ಕೈ ಹಿಡಿದು ಕಣ್ಣಿಗೆ ಒತ್ತಿಕೊಂಡ. ಗುರುಗಳು ನಿನ್ನೆ ಉಳಿದ ಈರುಳ್ಳಿಯ ಕಟ್ಟನ್ನು ತಂದು ಜೀನಿಗೆ ಸಿಕ್ಕಿಸಿದರು.

"ಗುರುಗಳೇ," ಅಂದ ನಿಕೆಟಾಸ್. "ನಾಳೆ ಮೇವಿಗೆ ಯಾವ ಹೊತ್ತಿಗೆ, ಯಾವ ದಾರಿಯಲ್ಲಿ ಹೋಗಬೇಕು ಅಂತ ಬರ್ತಾ ಯೋಚನೆ ಮಾಡಿದೆ. ಹೇಳ್ತೀನಿ, ಸರಿಯಾ ನೋಡಿ."

ಗುರುಗಳು ಎರಡೂ ಕೈಯಿಂದ ಕಿವಿ ಮುಚ್ಚಿಕೊಂಡರು.

"ಬೇಡಪ್ಪಾ, ನನಗೆ ಹೇಳಬೇಡ. ಬರೆದಿಡೋ ಚಾಳಿ ಇನ್ನೂ ಹೋಗಿಲ್ಲ."